ಕೋಲಾರ ಸುತ್ತಿಸಲೂ ಗೈಡ್ ಬೇಕು

ಮಾನ್ಯರೇ,

ಕಳೆದ ವರ್ಷ ಮಗಳ ಜೊತೆ ಪೆರುವಿನ ಕುಸ್ಕೊಗೆ ಹೋಗಿದ್ದೆ. ಎಲ್ಲರೂ ಸೇರಿ ಹೋಗುವ ವ್ಯಾನು, ಜೊತೆಗೊಬ್ಬ ಗೈಡ್, ಖರ್ಚೂ ಕಡಿಮೆ. ಸಕ್ಸಾಯ್‌ವಾಮನ್, ಕೆಂಕೊ, ತಂಬೊಮಚಾಯ್ ಎಂಬ ಹಳೆಯ ಇಂಕಾ ತಾಣಗಳನ್ನು ಒಂದೇ ದಿನದಲ್ಲಿ ನೋಡಿದೆವು. ಸಕ್ಸಾಯ್‌ವಾಮನ್‌ನಲ್ಲಿ, ಹಿಂದೆ ಅಲ್ಲಿ ಆಳಿದ ಇಂಕಾ ಜನ ಗಾರೆಯಿಲ್ಲದೆ ಜೋಡಿಸಿದ ಕಲ್ಲುಗಳಲ್ಲಿ ಕೆಲವು ಆನೆಗಿಂತ ದೊಡ್ಡವು. ಸಂದಿಯಲ್ಲಿ ಉಗುರು ತೂರಿಸಲು ನೋಡಿದೆ, ಆಗಲಿಲ್ಲ. ಕುಸ್ಕೊ ಊರೇ 3,400 ಮೀಟರ್ ಎತ್ತರದಲ್ಲಿದೆ, ನನಗೆ ಏದುಸಿರು. ಗೈಡ್ ನಮಗಾಗಿ ನಿಂತು ನಿಂತು ಕಥೆ ಹೇಳಿದರು.

ನಮ್ಮಲ್ಲೂ ಕೋಲಾರಮ್ಮನ ಗುಡಿಯಲ್ಲಿ ಚೋಳರ ಶಾಸನಗಳಿವೆ, ಆವನಿಯಲ್ಲಿ ನೊಳಂಬರ ಗುಡಿಗಳಿವೆ, ಅಲ್ವಾ? ಮೊನ್ನೆ ಆವನಿಗೆ ಹೋದಾಗ ವಿವರಿಸುವವರು ಯಾರೂ ಇರಲಿಲ್ಲ. ಮೊಮ್ಮಕ್ಕಳು ಸುಮ್ನೆ ಫೋಟೊ ತೆಗೆದುಕೊಂಡು ಬಂದರು. ಭಾನುವಾರಕ್ಕೊಂದು ಮಿನಿ ಬಸ್ ಬಿಡಿ, ಊರಿನ ಹುಡುಗ ಹುಡುಗಿಯರಿಗೆ ಗೈಡ್ ತರಬೇತಿ ಕೊಡಿ ಎಂದು ಸಂಬಂಧಪಟ್ಟವರನ್ನು ಕೇಳಿಕೊಳ್ಳುತ್ತೇನೆ.

– ನಿವೃತ್ತ ಶಿಕ್ಷಕಿ, ಕೋಲಾರ