ಠೇವಣಿ ಏರಿತು, ಪಕ್ಷಗಳ ವೆಚ್ಚಕ್ಕೆ ಮಿತಿ ಎಲ್ಲಿ?

ಮಾನ್ಯ ಸಂಪಾದಕರೆ,

ಚುನಾವಣಾ ಸುಧಾರಣೆಯ ಮಾತು ಬಂದಾಗಲೆಲ್ಲ ಪಕ್ಷೇತರರ ಸಂಖ್ಯೆ ತಗ್ಗಿಸಲು ಠೇವಣಿಯನ್ನು ಇನ್ನಷ್ಟು ಹೆಚ್ಚಿಸಬೇಕೆಂಬ ಸಲಹೆ ಕೇಳಿಬರುತ್ತದೆ. ಹಾಗೆ ಹೇಳುವವರು ತಪ್ಪದೆ ಉದಾಹರಿಸುವುದು ನಮ್ಮ ಬೆಳಗಾವಿಯನ್ನು. 1996ರ ಲೋಕಸಭಾ ಚುನಾವಣೆಯಲ್ಲಿ ಇಲ್ಲಿ 456 ಮಂದಿ ಕಣದಲ್ಲಿದ್ದರು; ಮತಪತ್ರವನ್ನು ಪುಸ್ತಕದಂತೆ ಮುದ್ರಿಸಬೇಕಾಯಿತು. ಅವರಲ್ಲಿ ಬಹುತೇಕರು ನಿಂತದ್ದು ಗೆಲ್ಲುವುದಕ್ಕಲ್ಲ, ಗಡಿ ವಿವಾದದತ್ತ ದೆಹಲಿಯ ಗಮನ ಸೆಳೆಯುವುದಕ್ಕೆ. ಅದೇ ವರ್ಷದ ತಿದ್ದುಪಡಿಯಿಂದ 500 ರೂಪಾಯಿಯ ಠೇವಣಿ 10,000ಕ್ಕೆ ಏರಿತು, ಈಗ ಅದು 25,000. ಪರಿಶಿಷ್ಟ ಜಾತಿ, ಪಂಗಡದವರಿಗೆ ಇದರ ಅರ್ಧ.

ಮತಪತ್ರವೇನೋ ಚಿಕ್ಕದಾಯಿತು. ಆದರೆ ಹಣದ ಜರಡಿಯಲ್ಲಿ ಉಳಿಯುವವರು ಹಣವುಳ್ಳವರೇ. ರಾಮದುರ್ಗದ ನೇಕಾರನೊಬ್ಬ ಸ್ಪರ್ಧಿಸಬೇಕೆಂದರೆ ತಿಂಗಳುಗಟ್ಟಲೆ ದುಡಿದದ್ದನ್ನು ಪಣಕ್ಕಿಡಬೇಕು, ಸಿಂಧುವಾದ ಮತಗಳಲ್ಲಿ ಆರನೆಯ ಒಂದು ಭಾಗಕ್ಕಿಂತ ಹೆಚ್ಚು ಬಾರದಿದ್ದರೆ ಅದನ್ನು ಕಳೆದುಕೊಳ್ಳಬೇಕು. 95 ಲಕ್ಷದ ವೆಚ್ಚ ಮಿತಿಯನ್ನು ಪೂರ್ತಿ ಬಳಸಬಲ್ಲವನಿಗೆ ಆ ಮೊತ್ತ ಲೆಕ್ಕಕ್ಕೇ ಇಲ್ಲ. ಪಕ್ಷೇತರರಿಗೆ ಹತ್ತು ಸೂಚಕರ ಸಹಿ ಕಡ್ಡಾಯವಾಗಿದೆ. ಲಕ್ಷಾಂತರ ಮತದಾರರಿರುವ ಕ್ಷೇತ್ರಕ್ಕೆ ಇದು ತೀರಾ ಕಡಿಮೆ. ಠೇವಣಿ ಇಳಿಸಿ, ಪ್ರತಿ ವಿಧಾನಸಭಾ ಕ್ಷೇತ್ರದಿಂದ ನೂರಿನ್ನೂರು ಮತದಾರರ ಸಹಿ ತರಬೇಕೆಂದು ವಿಧಿಸಿದರೆ ಅಭ್ಯರ್ಥಿಗೆ ಜನಬೆಂಬಲ ಇದೆಯೇ ಎಂಬುದು ನಾಮಪತ್ರದ ಹಂತದಲ್ಲೇ ತಿಳಿಯುತ್ತದೆ.

ಇದಕ್ಕಿಂತ ದೊಡ್ಡ ಅನ್ಯಾಯ ಇನ್ನೊಂದಿದೆ. ಮಿತಿ ಇರುವುದು ಅಭ್ಯರ್ಥಿಯ ವೆಚ್ಚಕ್ಕೆ ಮಾತ್ರ, ಪಕ್ಷದ ವೆಚ್ಚಕ್ಕೆ ಯಾವ ಮಿತಿಯೂ ಇಲ್ಲ. ಅಭ್ಯರ್ಥಿಗಾಗಿ ಪಕ್ಷ ಮಾಡಿದ ವೆಚ್ಚವೂ ಅವನ ಲೆಕ್ಕಕ್ಕೇ ಸೇರಬೇಕೆಂದು ಸುಪ್ರೀಂ ಕೋರ್ಟ್ 1974ರ ಅಕ್ಟೋಬರ್‌ನಲ್ಲಿ ಹೇಳಿದಾಗ, ಅಂದಿನ ಕೇಂದ್ರ ಸರ್ಕಾರ ಅದೇ ತಿಂಗಳು ಸುಗ್ರೀವಾಜ್ಞೆ ತಂದು ತೀರ್ಪನ್ನು ನಿಷ್ಫಲಗೊಳಿಸಿತು. (ಸರ್ಕಾರಗಳು ಇಷ್ಟು ಚುರುಕಾಗಿ ಕೆಲಸ ಮಾಡುವುದು ಅಪರೂಪ.) 2003ರ ತಿದ್ದುಪಡಿ ಆ ವಿನಾಯಿತಿಯನ್ನು ಕಿರಿದುಗೊಳಿಸಿತಾದರೂ ತಾರಾ ಪ್ರಚಾರಕರ ಪ್ರಯಾಣ ವೆಚ್ಚ ಇಂದಿಗೂ ಅಭ್ಯರ್ಥಿಯ ಲೆಕ್ಕದಿಂದ ಹೊರಗಿದೆ, ಅಭ್ಯರ್ಥಿಯ ಹೆಸರೆತ್ತದೆ ಪಕ್ಷದ ಪರವಾಗಿ ನಡೆಸುವ ಪ್ರಚಾರವೂ ಹಾಗೆಯೇ. ಪಕ್ಷೇತರನಿಗೆ ಈ ಅನುಕೂಲ ಯಾವುದೂ ಇಲ್ಲ. 2024ರ ಫೆಬ್ರುವರಿಯಲ್ಲಿ ಚುನಾವಣಾ ಬಾಂಡ್‌ಗಳು ರದ್ದಾದದ್ದು ಹಣ ಬರುವ ದಾರಿಗೆ ಸಂಬಂಧಿಸಿದ್ದು. ಹಣ ಹೋಗುವ ದಾರಿ ತೆರೆದೇ ಇದೆ.

ಬ್ರಿಟನ್ 2000ದ ಕಾಯ್ದೆಯಲ್ಲಿ ಪಕ್ಷಗಳ ಪ್ರಚಾರ ವೆಚ್ಚಕ್ಕೂ ಮಿತಿ ಹಾಕಿದೆ. ಇಲ್ಲಿಯೂ ಪ್ರಜಾಪ್ರತಿನಿಧಿ ಕಾಯ್ದೆಗೆ ಅಂಥ ತಿದ್ದುಪಡಿ ಬೇಕು. ಪಕ್ಷಗಳು ತಾವಾಗಿ ಇದಕ್ಕೆ ಮುಂದಾಗುತ್ತವೆಂಬ ಭರವಸೆ ನನಗಿಲ್ಲ. ಆದರೂ ಜಿಲ್ಲೆಯ ಸಂಸದರಲ್ಲಿ ಯಾರಾದರೊಬ್ಬರು ಖಾಸಗಿ ಮಸೂದೆ ಮಂಡಿಸಿದರೆ, ಯಾವ ಪಕ್ಷ ಯಾವ ಕಾರಣ ಹೇಳಿ ಅದನ್ನು ವಿರೋಧಿಸುತ್ತದೆ ಎಂಬುದಾದರೂ ಸದನದ ಕಡತದಲ್ಲಿ ದಾಖಲಾಗುತ್ತದೆ.

– ಒಬ್ಬ ಮತದಾರ, ಬೆಳಗಾವಿ