ಆ ಕಾಗದಕ್ಕೆ ಸಹಿ ಹಾಕುವ ಮುಂಚೆ

ಮೈಸೂರು
2025ರ ಡಿಸೆಂಬರ್ 4

ಪ್ರೀತಿಯ ಪುಟ್ಟಿಗೆ,

ಕರ್ತನ ಹೆಸರಿನಲ್ಲಿ ದೊಡ್ಡಮ್ಮನ ವಂದನೆ. ನಿನ್ನ ಮೆಸೇಜ್ ಮೂರು ಸಲ ಓದಿದೆ. ಫೋನಿನಲ್ಲಿ ಹೇಳಿದರೆ ನೀನು ನೈಟ್ ಡ್ಯೂಟಿ ಮುಗಿಸಿ ತೂಕಡಿಸುತ್ತಾ ‘ಹೂಂ ದೊಡ್ಡಮ್ಮ, ಹೂಂ ದೊಡ್ಡಮ್ಮ’ ಅನ್ನುತ್ತೀಯ. ಅದಕ್ಕೇ ಕಾಗದ.

ಇಂಗ್ಲೆಂಡಿನ ನಿಮ್ಮ ಚರ್ಚ್ ಕಮಿಟಿಯವರು ಬಿಷಪ್‌ಗೆ ಪತ್ರ ಬರೆಯುತ್ತಿದ್ದಾರೆ. ಗಂಡು ಗಂಡು, ಹೆಣ್ಣು ಹೆಣ್ಣು ಜೋಡಿಗಳಿಗೆ ಆಶೀರ್ವಾದದ ಪ್ರಾರ್ಥನೆ ಮಾಡುವುದನ್ನು ನಿಲ್ಲಿಸುವ ತನಕ ಡಯಾಸಿಸ್‌ಗೆ, ಅಂದರೆ ಬಿಷಪ್ ನೋಡಿಕೊಳ್ಳುವ ಸಭೆಗಳ ವಲಯಕ್ಕೆ, ಕೊಡುವ ಪಾಲು ಕೊಡುವುದಿಲ್ಲ ಅಂತ. ನಿನ್ನ ಸಹಿಯೂ ಬೇಕಂತೆ. ‘ನಿಮ್ಮ ಇಂಡಿಯಾದ ಚರ್ಚೂ ನಮ್ಮ ಕಡೆಯೇ ಅಲ್ವಾ’ ಅಂದರಂತೆ. ಸಹಿ ಹಾಕಲೋ, ಬೇರೆ ಚರ್ಚಿಗೆ ಹೋಗಲೋ ಅಂತ ಕೇಳಿದ್ದೀಯ.

ಜಗಳ ಕೇಳಿ ನನಗೆ ಅಷ್ಟೇನೂ ಬೇಜಾರಾಗಲಿಲ್ಲ. ಜಗಳವಿಲ್ಲದ ಸಭೆ ಎಲ್ಲಿದೆ? ಆ ಒಂದು ಮಾತು ಮಾತ್ರ ಚುಚ್ಚಿತು. ಎರಡು ವರ್ಷದಿಂದ ಆರಾಧನೆ ಮುಗಿದ ಮೇಲೆ ಒಬ್ಬಳೇ ಕಾಫಿ ಕುಡಿದು ಬರುತ್ತೇನೆ ಅಂತ ನೀನೇ ಹೇಳಿದ್ದೆ. ಈಗ ಇದ್ದಕ್ಕಿದ್ದ ಹಾಗೆ ನೀನು ಇಡೀ ಇಂಡಿಯಾ ಆಗಿಬಿಟ್ಟೆಯಾ? ಆಶೀರ್ವಾದ ಬೇಕು ಅನ್ನುವ ಕಡೆಯವರೂ ಕಮ್ಮಿಯೇನಿಲ್ಲ. ‘ಹೊರಗಿಟ್ಟರೆ ಹೇಗಿರುತ್ತೆ ಅಂತ ನಿನಗೆ ಗೊತ್ತಿರಬೇಕಲ್ಲ’ ಅಂತ ಅವರಲ್ಲೊಬ್ಬ ಹೆಂಗಸು ನಿನಗೆ ಹೇಳಿದ್ದೂ ಅದೇ ಜಾತಿಯ ಮಾತು. ಇಬ್ಬರಿಗೂ ತಮ್ಮ ಮೆರವಣಿಗೆಯಲ್ಲಿ ಬಾವುಟ ಹಿಡಿಯೋಕೆ ಒಬ್ಬಳು ಬೇಕು.

ಇನ್ನು ಇಂಡಿಯಾದ ಚರ್ಚ್ ಯಾರ ಕಡೆ ಅನ್ನುವುದು. ನಮ್ಮ ಸಭೆಯಲ್ಲಿ ಈ ವಿಷಯವನ್ನು ಒಬ್ಬರೂ ಬಾಯಿಬಿಟ್ಟು ಮಾತಾಡಿದ್ದು ನಾನು ಕೇಳಿಲ್ಲ. ಮಾತೇ ಆಡದವರು ನಿಮ್ಮ ಕಡೆ ಅಂತ ಲೆಕ್ಕ ಹಾಕೋದು ಹೇಗೆ?

ಈ ಜಗಳ ನಿಮ್ಮ ಊರಿನದ್ದಲ್ಲ, ಈಚಿನದ್ದೂ ಅಲ್ಲ. 1998ರಲ್ಲಿ ಲೋಕದ ಆಂಗ್ಲಿಕನ್, ಅಂದರೆ ಇಂಗ್ಲೆಂಡ್ ಚರ್ಚಿನ ಪರಂಪರೆಯ, ಬಿಷಪ್‌ಗಳೆಲ್ಲ ಲ್ಯಾಂಬೆತ್ ಸಮ್ಮೇಳನದಲ್ಲಿ ಸೇರಿ, ಮದುವೆ ಅಂದರೆ ಗಂಡು ಹೆಣ್ಣಿನದ್ದು ಅಂತ ನಿರ್ಣಯ ಮಾಡಿದರು. 2003ರಲ್ಲಿ ಅಮೆರಿಕದವರು ಇನ್ನೊಬ್ಬ ಗಂಡಸಿನ ಜೊತೆ ಬಾಳುತ್ತಿದ್ದ ಜೀನ್ ರಾಬಿನ್‌ಸನ್ ಅವರನ್ನು ಬಿಷಪ್ ಮಾಡಿದರು. 2008ರಲ್ಲಿ ಸಿಟ್ಟಾದವರೆಲ್ಲ ಜೆರುಸಲೇಮಿನಲ್ಲಿ ಸೇರಿ ಗಾಫ್‌ಕಾನ್ ಅನ್ನುವ ತಮ್ಮದೇ ಕೂಟ ಶುರು ಮಾಡಿದರು. ಇಂಗ್ಲೆಂಡಿನವರು ಮದುವೆಯ ಬೋಧನೆ ಬದಲಿಸದೆ, 2023ರ ಡಿಸೆಂಬರ್‌ನಿಂದ ಮಾಮೂಲಿ ಆರಾಧನೆಯೊಳಗೆ ಆಶೀರ್ವಾದದ ಪ್ರಾರ್ಥನೆಗೆ ಒಪ್ಪಿಗೆ ಕೊಟ್ಟರು. ಅದು ಬೇಡ ಅನ್ನುವವರಿಗೆ ಜಾಸ್ತಿ, ಬೇಕು ಅನ್ನುವವರಿಗೆ ಕಮ್ಮಿ. ಈಗ ಅಕ್ಟೋಬರ್‌ನಲ್ಲಿ ಗಾಫ್‌ಕಾನಿನ ಮುಖಂಡರು, ರುವಾಂಡಾದ ಆರ್ಚ್‌ಬಿಷಪ್, ಇಂಗ್ಲೆಂಡ್ ಚರ್ಚಿನ ಮುಖ್ಯ ಪೀಠವಾದ ಕ್ಯಾಂಟರ್ಬರಿ ಜೊತೆ ನಮಗೆ ಸಂಬಂಧ ಬೇಡ, ನಾವೇ ಜಾಗತಿಕ ಆಂಗ್ಲಿಕನ್ ಒಕ್ಕೂಟ ಅಂದುಬಿಟ್ಟರು. ಅವರ ಮಾತನ್ನು ಸುಮ್ನೆ ತಳ್ಳಿಹಾಕೋಕೂ ಆಗಲ್ಲ. ಇವತ್ತು ಆಂಗ್ಲಿಕನ್ನರು ಜಾಸ್ತಿ ಇರುವುದು ಆಫ್ರಿಕಾದಲ್ಲಿ. ಇಂಗ್ಲೆಂಡಿನಲ್ಲಿ ವಾರಕ್ಕೆ ಚರ್ಚಿಗೆ ಬರುವವರು ಸುಮಾರು 7 ಲಕ್ಷ ಜನ, ನೋಡಿಕೊಳ್ಳಬೇಕಾದ ಕಟ್ಟಡಗಳು ಸುಮಾರು 16,000. ನಿಮ್ಮ ಚರ್ಚಿನ ಚಾವಣಿ ಸೋರುತ್ತಿದೆ ಅಂದಿದ್ದೆಯಲ್ಲ, ಸೋರದೆ ಇನ್ನೇನು.

ನನ್ನ ಮನಸ್ಸಿನಲ್ಲಿ ಏನಿದೆ ಅಂತ ಕೇಳುತ್ತೀಯ, ಗೊತ್ತು. ನಾನು ಹಳೇ ಕಾಲದವಳು. ನನ್ನಪ್ಪ ಕಲಿಸಿದ್ದು ಬೇರೆ ರೀತಿ. ಆದರೆ ನಾನು ಟಿ.ಬಿ. ವಾರ್ಡಿನಲ್ಲಿ ನರ್ಸಾಗಿದ್ದಾಗ ಒಬ್ಬ ಹುಡುಗ ಮೂರು ತಿಂಗಳು ಮಲಗಿದ್ದ. ಮನೆಯವರು ಒಂದು ದಿನವೂ ಬರಲಿಲ್ಲ. ಇನ್ನೊಬ್ಬ ಹುಡುಗ ದಿನಾ ಸಂಜೆ ಸೈಕಲ್ಲಿನಲ್ಲಿ ಬಂದು, ಟಿಫಿನ್ ಕ್ಯಾರಿಯರ್ ಬಿಚ್ಚಿ, ಗಂಜಿ ಆರಿಸಿ ಕುಡಿಸುತ್ತಿದ್ದ. ‘ನೀನು ಯಾರಪ್ಪಾ’ ಅಂದರೆ ‘ಸ್ನೇಹಿತ, ಸಿಸ್ಟರ್’ ಅಂದ. ನಾವು ಮುಂದೆ ಕೇಳಲಿಲ್ಲ. ಅವನ ನೆನಪಾದರೆ ಇದು ತಪ್ಪು ಅಂತ ತೋರಿಸುವ ಬೈಬಲ್ ವಾಕ್ಯಗಳನ್ನು ಯಾರ ಮುಖದ ಮುಂದೆಯೂ ಗಟ್ಟಿಯಾಗಿ ಓದೋಕೆ ನನ್ನಿಂದ ಆಗಲ್ಲ. ಅಪ್ಪ ಹೇಳಿಕೊಟ್ಟಿದ್ದನ್ನು ಬಿಡೋಕೂ ಆಗಿಲ್ಲ. ಹೀಗೇ ಇದ್ದೇನೆ.

ಹೀಗೆ ಇತ್ಯರ್ಥವಾಗದೆ ಜೊತೆಗಿರುವುದು ನಮ್ಮ ಮನೆತನಕ್ಕೆ ಹೊಸದಲ್ಲ. ನಿನ್ನ ತಾತ ವೆಸ್ಲಿಯನ್, ಅಂದರೆ ಮೆಥಡಿಸ್ಟ್, ಮಿಶನ್ನಿನ ಉಪದೇಶಿ. ಸ್ವಾತಂತ್ರ್ಯ ಬಂದು ಆರೇ ವಾರಕ್ಕೆ, 1947ರ ಸೆಪ್ಟೆಂಬರ್ 27ರಂದು, ಮದ್ರಾಸಿನ ಸೇಂಟ್ ಜಾರ್ಜ್ ಕೆಥೆಡ್ರಲ್‌ನಲ್ಲಿ ನಮ್ಮ ಸಿ.ಎಸ್.ಐ., ಚರ್ಚ್ ಆಫ್ ಸೌತ್ ಇಂಡಿಯಾ, ಹುಟ್ಟಿತು. ಆಂಗ್ಲಿಕನ್ನರು, ಮೆಥಡಿಸ್ಟರು, ಪ್ರೆಸ್ಬಿಟೇರಿಯನ್ನರು, ಕಾಂಗ್ರಿಗೇಷನಲ್‌ನವರು ಎಲ್ಲ ಒಂದಾದರು. ನಮ್ಮ ಮೆಥಡಿಸ್ಟರಲ್ಲಿ ಬಿಷಪ್ ಅನ್ನುವವರೇ ಇರಲಿಲ್ಲ. ‘ಬಿಷಪ್ ತಲೆ ಮೇಲೆ ಕೈ ಇಟ್ಟರೇನೇ ಪಾದ್ರಿಯಾ? ಹಾಗಾದರೆ ನನಗೆ ದೀಕ್ಷಾಸ್ನಾನ ಮಾಡಿಸಿದವರು ಯಾರು?’ ಅಂತ ತಾತ ಸಾಯುವ ತನಕ ಗೊಣಗುತ್ತಿದ್ದರು. ಆಂಗ್ಲಿಕನ್ನರಿಗೆ ಇದರ ಉಲ್ಟಾ ಸಂಕಟ. ಬಿಷಪ್ ಕೈಯಿಂದ ಅಭಿಷೇಕ ಆಗದ ಪಾದ್ರಿ ಪ್ರಭುಭೋಜನ ಕೊಟ್ಟರೆ ಅದು ನಿಜವಾದದ್ದೇನಾ ಅಂತ. ಆಂಧ್ರದ ನಂದ್ಯಾಲದ ಕಡೆ ಎಷ್ಟೋ ಆಂಗ್ಲಿಕನ್ನರು ಸೇರುವುದಿಲ್ಲ ಅಂತ ಹೊರಗೇ ಉಳಿದರು.

ಆಗ ಹಿರಿಯರು ಏನು ಮಾಡಿದರು ಗೊತ್ತಾ? ಇದ್ದ ಪಾದ್ರಿಗಳನ್ನೆಲ್ಲ ಇದ್ದ ಹಾಗೇ ಒಪ್ಪಿಕೊಂಡರು. ಇನ್ನು ಮುಂದಿನ ಅಭಿಷೇಕಗಳು ಬಿಷಪ್ ಕೈಯಿಂದ ಅಂದರು. ಮೂವತ್ತು ವರ್ಷ ಹೀಗೇ ಹೋಗಲಿ, ಆಮೇಲೆ ಕೂತು ನೋಡೋಣ ಅಂತ ಬರೆದುಕೊಂಡರು. ಜೊತೆಗೆ ಒಂದು ಮಾತು ಕೊಟ್ಟರು. ಒಂದು ಸಭೆಯ ಮನಸ್ಸಾಕ್ಷಿಗೆ ಒಗ್ಗದ ಪಾದ್ರಿಯನ್ನಾಗಲಿ, ರೂಢಿಯಲ್ಲಿಲ್ಲದ ಆರಾಧನೆಯನ್ನಾಗಲಿ ಅವರ ಮೇಲೆ ಹೇರುವುದಿಲ್ಲ ಅಂತ. ಮೂವತ್ತು ವರ್ಷ! ನಿಮ್ಮ ಕಮಿಟಿ ಮೂವತ್ತು ದಿನ ಕಾಯೋಕೆ ರೆಡಿ ಇಲ್ಲ.

ಇದಕ್ಕೆ ಇಂಗ್ಲೆಂಡಿನವರು ಏನಂದರು ಅನ್ನುವುದೂ ನಿನಗೆ ಗೊತ್ತಿರಲಿ. ಅಲ್ಲಿನ ಎಷ್ಟೋ ಜನಕ್ಕೆ ನಮ್ಮದು ಕಲಬೆರಕೆ ಸಭೆ ಅನ್ನಿಸಿತು. ನಮ್ಮ ಬಿಷಪ್‌ಗಳು ಲ್ಯಾಂಬೆತ್ ಸಮ್ಮೇಳನದಲ್ಲಿ ಪೂರ್ತಿ ಸದಸ್ಯರಾಗಿ ಕೂರುವ ಹೊತ್ತಿಗೆ 1988 ಆಗಿತ್ತು. ನಲವತ್ತು ವರ್ಷ ಬಾಗಿಲಲ್ಲಿ ನಿಲ್ಲಿಸಿದವರು ಈಗ ನಿನ್ನ ಸಹಿಯಲ್ಲಿ ನಮ್ಮ ಹೆಸರು ಕೇಳುತ್ತಿದ್ದಾರೆ. ಇನ್ನೊಂದು ತಮಾಷೆ ಕೇಳು. ಅಂದು ಹೊರಗೆ ಉಳಿದ ನಂದ್ಯಾಲ ಆಮೇಲೆ ಸಿ.ಎಸ್.ಐ.ಗೆ ಬಂತು. 2013ರಲ್ಲಿ ಸಿ.ಎಸ್.ಐ.ನ ಮೊದಲ ಮಹಿಳಾ ಬಿಷಪ್, ಪುಷ್ಪಲಲಿತಾ ಅವರು, ಆದದ್ದು ಅದೇ ನಂದ್ಯಾಲ ಡಯಾಸಿಸ್‌ಗೆ. ಇಂಗ್ಲೆಂಡಿನವರಿಗೆ ಅದಕ್ಕೆ ಇನ್ನೂ ಒಂದು ವರ್ಷದ ಮೇಲೆ ಬೇಕಾಯಿತು.

ನಾವೇನು ಸಾಚಾ ಅಂತ ಜಂಬ ಕೊಚ್ಚುತ್ತಿಲ್ಲ. ಚುನಾವಣೆ, ಜಮೀನು, ಶಾಲೆ ಸೀಟು ಅಂತ ನಮ್ಮವರು ಕಿತ್ತಾಡುವುದು ನೋಡಿದ್ದೀಯ. ಸಿನಡ್, ಅಂದರೆ ಚರ್ಚಿನ ಮೇಲಿನ ಮಂಡಳಿ, ಅದರ ಚುನಾವಣೆಯ ಜಗಳ ಮದ್ರಾಸ್ ಹೈಕೋರ್ಟು, ಸುಪ್ರೀಂ ಕೋರ್ಟು ಎಲ್ಲ ಹತ್ತಿ ಬಂತು. ಸಾಕು ಅದು.

ನನಗೆ ನಿಜವಾಗಿ ನಿದ್ದೆ ಕೆಡಿಸುವುದು ನಿಮ್ಮ ಆಶೀರ್ವಾದದ ಜಗಳ ಅಲ್ಲ, ಕಳೆದ ವರ್ಷದ ಮಾಕಿನ್ ವರದಿ. ಜಾನ್ ಸ್ಮೈತ್ ಅನ್ನುವ ಇಂಗ್ಲೆಂಡಿನ ವಕೀಲ ಕ್ರೈಸ್ತ ಹುಡುಗರ ಶಿಬಿರ ನಡೆಸುತ್ತಾ, ದೇವರ ಹೆಸರು ಹೇಳಿ ಹುಡುಗರಿಗೆ ರಕ್ತ ಬರುವ ಹಾಗೆ ಬೆತ್ತದಿಂದ ಹೊಡೆಯುತ್ತಿದ್ದ. 1982ರಲ್ಲೇ ಚರ್ಚಿನ ಕೆಲವು ದೊಡ್ಡವರು ವಿಚಾರಿಸಿ ಬರೆದಿಟ್ಟರು. ಪೊಲೀಸರಿಗೆ ಹೇಳಲಿಲ್ಲ. ಅವನು 1984ರಲ್ಲಿ ಜಿಂಬಾಬ್ವೆಗೆ ಹೋದ. ಅಲ್ಲಿ ಮತ್ತೆ ಶಿಬಿರ, ಮತ್ತೆ ಹುಡುಗರು. ಒಟ್ಟು ನೂರಕ್ಕೂ ಹೆಚ್ಚು ಹುಡುಗರು, ಯುವಕರು. 2013ರಲ್ಲಿ ಮೇಲಿನವರಿಗೆಲ್ಲ ವಿಷಯ ಗೊತ್ತಾದ ಮೇಲೂ ಆಗಬೇಕಾದ್ದು ಆಗಲಿಲ್ಲ. ಸ್ಮೈತ್ 2018ರಲ್ಲಿ ಶಿಕ್ಷೆಯೇ ಆಗದೆ ಸತ್ತ. ವರದಿ ಬಂದ ವಾರದೊಳಗೆ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ವೆಲ್ಬಿ ರಾಜೀನಾಮೆ ಪ್ರಕಟಿಸಿದರು.

ಯಾಕೆ ನಿದ್ದೆ ಕೆಡುತ್ತದೆ ಅಂದರೆ, ಆ ಮೌನ ನನಗೆ ಗೊತ್ತು. ನಾನು ಕೆಲಸ ಮಾಡಿದ ಒಂದು ಆಸ್ಪತ್ರೆಯಲ್ಲಿ, ಹೆಸರು ಬೇಡ, ಒಂದು ರಾತ್ರಿ ಒಂದು ಮಗುವಿಗೆ ತಪ್ಪು ಇಂಜೆಕ್ಷನ್ ಹೋಯಿತು. ಮಗು ಉಳಿಯಿತು. ‘ಆಸ್ಪತ್ರೆ ಹೆಸರು ಕೆಡುತ್ತೆ, ರಿಪೋರ್ಟ್ ಪುಸ್ತಕದಲ್ಲಿ ಬರೆಯಬೇಡಿ’ ಅಂದರು. ನಾನೂ ಬರೆಯಲಿಲ್ಲ. ಎರಡು ತಿಂಗಳಿಗೆ ಅದೇ ತಪ್ಪು ಇನ್ನೊಂದು ಮಗುವಿಗೆ ಆಯಿತು. ಆ ಮಗು ಉಳಿಯಲಿಲ್ಲ. ಇದನ್ನು ನಿನ್ನ ದೊಡ್ಡಪ್ಪನಿಗೆ ಬಿಟ್ಟರೆ ಯಾರಿಗೂ ಹೇಳಿಲ್ಲ, ಈಗ ನಿನಗೆ ಹೇಳುತ್ತಿದ್ದೇನೆ.

ಈಗ ಕೆಲಸದ ಮಾತಿಗೆ ಬರುತ್ತೇನೆ. ಆ ಕಾಗದಕ್ಕೆ ಸಹಿ ಹಾಕಬೇಡ. ಎದುರು ಪಾರ್ಟಿಯ ಕಾಗದ ಬಂದರೆ ಅದಕ್ಕೂ ಬೇಡ. ಚರ್ಚನ್ನೂ ಸದ್ಯಕ್ಕೆ ಬಿಡಬೇಡ. ನಿನಗೇ ಒಂದು ದಿನ ಗಟ್ಟಿಯಾಗಿ ಅನ್ನಿಸಿದರೆ ನಿನ್ನ ಹೆಸರಿನಲ್ಲಿ ಹಾಕು, ಇಂಡಿಯಾದ ಹೆಸರಿನಲ್ಲಿ ಅಲ್ಲ. ಮುಂದಿನ ಕಮಿಟಿ ಮೀಟಿಂಗಿಗೆ ಹೋಗಿ ಒಂದು ಪ್ರಶ್ನೆ ಕೇಳು: ನಮ್ಮ ಸಂಡೇ ಸ್ಕೂಲಿನ ಒಂದು ಮಗು ಯಾರ ಮೇಲಾದರೂ ದೂರು ಹೇಳಿದರೆ, ಅದೇ ದಿನ ಅದನ್ನು ಯಾರು ಬರೆದುಕೊಳ್ಳುತ್ತಾರೆ, ಚರ್ಚಿನ ಹೊರಗೆ ಯಾರಿಗೆ ತಲುಪಿಸುತ್ತಾರೆ? ಹೆಸರು, ಫೋನ್ ನಂಬರ್ ಸಮೇತ ಕೇಳು. ಫೆಬ್ರವರಿಯಲ್ಲಿ ಇಂಗ್ಲೆಂಡಿನ ನಿಮ್ಮ ಸಿನಡ್ ಮಕ್ಕಳ ರಕ್ಷಣೆಯ ಈ ಕೆಲಸವನ್ನು ಪೂರ್ತಿ ಹೊರಗಿನವರ ಕೈಗೆ ಕೊಡೋಕೆ ಹಿಂದೆಮುಂದೆ ನೋಡಿತು. ಹಾಗಾಗಿ ಊರಿನ ಸಭೆಗಳೇ ಎಚ್ಚರವಾಗಿರಬೇಕು. ಉತ್ತರ ಕೊಡದೆ ಮುಖ ಮುಖ ನೋಡಿಕೊಂಡರೆ, ಅವತ್ತು ಬೇರೆ ಚರ್ಚಿನ ಮಾತಾಡೋಣ.

ಈ ಜಗಳದಲ್ಲಿ ಒಬ್ಬರಿಗೊಬ್ಬರು ಮಾತು ಬಿಟ್ಟಿರುವ ನಿಮ್ಮ ಸಭೆಯ ಆ ಎರಡು ಮನೆಯವರನ್ನು ಕ್ರಿಸ್‌ಮಸ್ಸಿಗೆ ಮುಂಚೆ ಒಂದು ದಿನ ಊಟಕ್ಕೆ ಕರಿ. ಒಂದೇ ದಿನ ಬೇಡ ಮತ್ತೆ! ಬೇರೆ ಬೇರೆ ದಿನ. ಬಿಸಿಬೇಳೆಬಾತಿಗೆ ಖಾರ ಕಮ್ಮಿ ಹಾಕು. ಪುಡಿ ಕಳಿಸಿದ್ದೇನೆ, ಜೊತೆಗೆ ಕಲ್ಕಲ್ ಡಬ್ಬಿಯೂ ಇದೆ.

ಮಾರ್ಚ್ 25ಕ್ಕೆ ಕ್ಯಾಂಟರ್ಬರಿಯಲ್ಲಿ ಸಾರಾ ಮುಲಾಲಿ ಅವರನ್ನು ಆರ್ಚ್‌ಬಿಷಪ್ ಪೀಠಕ್ಕೆ ಕೂರಿಸುತ್ತಾರಂತೆ. ಮೊದಲ ಹೆಂಗಸು, ಅದರಲ್ಲೂ ನಮ್ಮ ಹಾಗೆ ನರ್ಸು. ಇಂಗ್ಲೆಂಡಿನ ನರ್ಸುಗಳಿಗೆಲ್ಲ ಮುಖ್ಯಸ್ಥೆಯಾಗಿದ್ದವರು. ಹೆಂಗಸಿನ ಪಾದ್ರಿಗಿರಿಯನ್ನೇ ಒಪ್ಪದ ಎಷ್ಟೋ ಪಾದ್ರಿಗಳಿರುವ ಲಂಡನ್ನಿನಲ್ಲಿ 2018ರಿಂದ ಬಿಷಪ್ ಆಗಿದ್ದಾರೆ. ನಿನಗೆ ಅವತ್ತು ರಜೆ ಸಿಕ್ಕರೆ ವಿಡಿಯೋ ಕಾಲ್ ಹಾಕು, ಟಿ.ವಿ. ಮುಂದೆ ಒಟ್ಟಿಗೆ ಕೂತು ನೋಡೋಣ. ಅಷ್ಟು ಉದ್ದದ ಆರಾಧನೆಗೆ ಅವರು ಎಂಥಾ ಚಪ್ಪಲಿ ಹಾಕಿಕೊಂಡು ಬರುತ್ತಾರೆ ಅಂತ ನನಗೆ ಕುತೂಹಲ.

ನಿನ್ನ
ದೊಡ್ಡಮ್ಮ