ಮ್ಯಾಪ್ ಎಲ್ಲಿಂದ ಇಳಿಯುತ್ತಿದೆ ಎಂದು ಕೇಳಿ

ಮಾನ್ಯ ಸಂಪಾದಕರೇ,

ಮಕ್ಕಳು ಮತ್ತು ಆನ್‌ಲೈನ್ ಶೂಟರ್ ಆಟಗಳ ಬಗ್ಗೆ ತಮ್ಮ ಪತ್ರಿಕೆಯಲ್ಲಿ ಇತ್ತೀಚೆಗೆ ಪ್ರಕಟವಾದ ಲೇಖನವನ್ನು ಓದಿದೆ. ದಿನಕ್ಕೆ ಎಷ್ಟು ಗಂಟೆ ಆಡಬಹುದು, ಕಣ್ಣಿಗೆ ಏನಾಗುತ್ತದೆ, ಓದು ಹೇಗೆ ಹಿಂದೆ ಬೀಳುತ್ತದೆ ಎಂಬುದನ್ನೆಲ್ಲ ಲೇಖಕರು ಕಾಳಜಿಯಿಂದ ಬರೆದಿದ್ದಾರೆ. ಅದರಲ್ಲಿ ನನ್ನ ತಕರಾರಿಲ್ಲ. ಆದರೆ ನಾನು ಪಾಠ ಮಾಡುವ ಪಾಲಿಟೆಕ್ನಿಕ್‌ನಲ್ಲಿ ಅದೇ ವಾರ ಎರಡನೇ ವರ್ಷದ ಹುಡುಗನೊಬ್ಬ ಬಂದು ಕೇಳಿದ ಪ್ರಶ್ನೆಗೆ ಆ ಲೇಖನದಲ್ಲಿ ಉತ್ತರವಿರಲಿಲ್ಲ. 'ಸರ್, ಜಾಂಬಿ ಸರ್ವರ್‌ಗೆ ಹೋದ್ರೆ ತಾನಾಗೇ ಏನೇನೋ ಡೌನ್‌ಲೋಡ್ ಆಗುತ್ತೆ, ಬಿಡಬಹುದಾ?' ಎಂದು ಅವನು ಕೇಳಿದ್ದ. ಹಳೆಯ ಲ್ಯಾಪ್‌ಟಾಪ್ ಇರುವವರು ಇಂದಿಗೂ ಆಡುವ ಕೌಂಟರ್ ಸ್ಟ್ರೈಕ್ 1.6 ಆಟದ ಮಾತು ಅದು; ಎಲ್ಲರೂ ಕೂಡಿ ಆಡಲು ಅಂತರ್ಜಾಲದ ಮೂಲಕ ಸೇರುವ ಕಂಪ್ಯೂಟರನ್ನು ಸರ್ವರ್ ಎನ್ನುತ್ತಾರೆ. ಹೌದು ಅಥವಾ ಬೇಡ ಎಂದು ಒಂದೇ ಮಾತಿನಲ್ಲಿ ಮುಗಿಸಲಾಗದ ಪ್ರಶ್ನೆಯಾದ್ದರಿಂದ ಈ ಪತ್ರ ಬರೆಯುತ್ತಿದ್ದೇನೆ.

ಆಡದವರಿಗಾಗಿ ಮೊದಲು ಸ್ವಲ್ಪ ವಿವರಣೆ ಬೇಕು. ಓಣಿಯಲ್ಲಿ ಕ್ರಿಕೆಟ್ ಆಡುವ ಹುಡುಗರು ಒನ್ ಪಿಚ್ ಕ್ಯಾಚ್ ಹಿಡಿದರೂ ಔಟ್, ಎದುರು ಮನೆಯ ಕಾಂಪೌಂಡಿಗೆ ಚೆಂಡು ಹೋದರೂ ಔಟ್ ಎಂದು ತಮ್ಮ ಜಾಗಕ್ಕೆ ತಕ್ಕ ನಿಯಮ ಮಾಡಿಕೊಳ್ಳುವಂತೆ, ಶೂಟರ್ ಆಟಗಳನ್ನು ಆಡುವವರೂ ಕಂಪನಿ ಕೊಟ್ಟ ಬಂದೂಕು, ಗೋಡೆ, ಗುರುತ್ವಾಕರ್ಷಣೆಗಳನ್ನೇ ಬಳಸಿಕೊಂಡು ಬೇರೆಯದೇ ಆಟಗಳನ್ನು ಕಟ್ಟುತ್ತಾರೆ. ಇವುಗಳಿಗೆ ಕಸ್ಟಮ್ ಮೋಡ್ ಎಂದು ಹೆಸರು. ಕೌಂಟರ್ ಸ್ಟ್ರೈಕ್‌ನಲ್ಲಿ ಮ್ಯಾಪಿನ, ಅಂದರೆ ಆಟ ನಡೆಯುವ ತಾಣದ, ಹೆಸರು ಯಾವ ಅಕ್ಷರಗಳಿಂದ ಶುರುವಾಗುತ್ತದೆ ಎಂದು ನೋಡಿದರೇ ಅಲ್ಲಿ ನಡೆಯುವ ಆಟ ಯಾವುದೆಂದು ಗೊತ್ತಾಗುತ್ತದೆ: ಡಿಇ ಎಂದಿದ್ದರೆ ಬಾಂಬ್ ಇಡುವ ಮೂಲ ಆಟ, ಝಡ್‌ಎಂ ಎಂದಿದ್ದರೆ ಜಾಂಬಿಗಳ (ನಡೆದಾಡುವ ಹೆಣಗಳ) ಆಟ, ಕೆಝಡ್ ಎಂದಿದ್ದರೆ ನೆಗೆದು ನೆಗೆದು ಮೇಲೇರುವ ಆಟ, ಸರ್ಫ್ ಎಂದಿದ್ದರೆ ಜಾರುವ ಆಟ.

ನನಗೆ ಅಚ್ಚುಮೆಚ್ಚಿನದು ಈ ಕೊನೆಯದು. ಗಾಳಿಯಲ್ಲಿ ಇರುವಾಗ ಆಟಗಾರ ಎಷ್ಟು ಚುರುಕಾಗಿ ದಿಕ್ಕು ತಿರುಗಿಸಿ ವೇಗ ಪಡೆಯಬಹುದು ಎಂಬುದನ್ನು ನಿರ್ಧರಿಸುವ ಒಂದು ಅಂಕಿ ಸರ್ವರ್‌ನಲ್ಲಿ ಇರುತ್ತದೆ. ಮೂಲ ಆಟದಲ್ಲಿ ಅದು 10. ಸರ್ಫ್ ಸರ್ವರ್ ನಡೆಸುವವರು ಅದನ್ನು 100ಕ್ಕೋ 150ಕ್ಕೋ ಏರಿಸುತ್ತಾರೆ. ಅಷ್ಟರಿಂದಲೇ, ಕಾಲೂರಿ ನಿಲ್ಲಲಾಗದಷ್ಟು ಕಡಿದಾದ ಇಳಿಜಾರುಗಳ ಮೇಲೆ, ಎಡ ಅಥವಾ ಬಲದ ಒಂದು ಕೀ ಒತ್ತಿ ಹಿಡಿದು, ಮೌಸನ್ನು ನಯವಾಗಿ ತಿರುಗಿಸುತ್ತಾ, ಆಕಾಶದಲ್ಲಿ ತೂಗುಬಿಟ್ಟ ಹಲಗೆಯಿಂದ ಹಲಗೆಗೆ ಹಾರುತ್ತಾ ಹೋಗುವ ಆಟವೊಂದು ಹುಟ್ಟುತ್ತದೆ. ಗಡಿಯಾರದ ವಿರುದ್ಧ ಓಡುವ ಸರ್ಫ್ ಮ್ಯಾಪುಗಳಲ್ಲಿ ಯಾರೂ ಯಾರಿಗೂ ಗುಂಡು ಹೊಡೆಯುವುದಿಲ್ಲ. ಶೂಟರ್ ಎಂದ ಕೂಡಲೇ ರಕ್ತಪಾತ ಎಂದುಕೊಳ್ಳುವ ಪೋಷಕರು ಒಮ್ಮೆ ಮಗನ ಹೆಗಲ ಹಿಂದೆ ನಿಂತು ಇದನ್ನು ನೋಡಬೇಕು.

ಇಂಥವೆಲ್ಲ ಕೆಲಸವಿಲ್ಲದ ಹುಡುಗರ ಕಿತಾಪತಿ ಎನ್ನುವವರೂ ಇದ್ದಾರೆ. ಆದರೆ ಕೌಂಟರ್ ಸ್ಟ್ರೈಕ್ ಸ್ವತಃ ಹುಟ್ಟಿದ್ದೇ ಮೋಡ್ ಆಗಿ. 1998ರಲ್ಲಿ ಬಂದ ಹಾಫ್ ಲೈಫ್ ಎಂಬ ಆಟದ ಮೇಲೆ ಮಿನ್ ಲೀ ಮತ್ತು ಜೆಸ್ ಕ್ಲಿಫ್ ಎಂಬ ಇಬ್ಬರು ವಿದ್ಯಾರ್ಥಿಗಳು ಇದನ್ನು ಕಟ್ಟಿ, 1999ರ ಜೂನ್‌ನಲ್ಲಿ ಅಂತರ್ಜಾಲದಲ್ಲಿ ಉಚಿತವಾಗಿ ಬಿಟ್ಟರು. ಮರುವರ್ಷ ಮೂಲ ಆಟದ ಒಡೆತನ ಹೊಂದಿದ್ದ ವಾಲ್ವ್ ಕಂಪನಿಯೇ ಅದನ್ನು ಕೊಂಡು, ಅವರನ್ನೂ ಕೆಲಸಕ್ಕೆ ಸೇರಿಸಿಕೊಂಡಿತು. ನಮ್ಮ ಹಳ್ಳಿಹಳ್ಳಿಯಲ್ಲೂ ಮಾತಾದ ಪಬ್‌ಜಿಯ ಬೇರೂ ಅಲ್ಲೇ ಇದೆ. ಐರ್ಲೆಂಡಿನ ಬ್ರೆಂಡನ್ ಗ್ರೀನ್ ಎಂಬುವರು ಆರ್ಮಾ 2 ಎಂಬ ಸೈನಿಕ ಆಟಕ್ಕೆ ಬೇರೊಬ್ಬರು ಮಾಡಿದ್ದ ಡೇಝಡ್ ಎಂಬ ಮೋಡ್ ತೆಗೆದುಕೊಂಡು, ಅದರ ಮೇಲೆ ತಮ್ಮದೊಂದು ಬ್ಯಾಟಲ್ ರಾಯಲ್ (ಕೊನೆಗೆ ಉಳಿದವರೇ ಗೆಲ್ಲುವ) ಮೋಡ್ ಮಾಡಿದ್ದರು. ಮೋಡ್‌ನ ಮೇಲೊಂದು ಮೋಡ್. 2017ರಲ್ಲಿ ದಕ್ಷಿಣ ಕೊರಿಯಾದ ಕಂಪನಿಯೊಂದು ಅದೇ ಕಲ್ಪನೆಯನ್ನು ಸ್ವತಂತ್ರ ಆಟವನ್ನಾಗಿ ಹೊರತಂದಾಗ ಏನಾಯಿತೆಂಬುದು ಎಲ್ಲರಿಗೂ ಗೊತ್ತು.

ಇನ್ನು ಹುಡುಗನ ಪ್ರಶ್ನೆಗೆ ಬರುತ್ತೇನೆ. ಹಳೆಯ ಕೌಂಟರ್ ಸ್ಟ್ರೈಕ್‌ನಲ್ಲಿ ನೀವು ಒಂದು ಸರ್ವರ್‌ಗೆ ಸೇರಿದಾಗ, ಇಲ್ಲಿ ಈಗ ಇಂಥ ಮ್ಯಾಪ್ ನಡೆಯುತ್ತಿದೆ, ಇಂತಿಂಥ ಶಬ್ದ, ಗೊಂಬೆ, ಚಿತ್ರಗಳು ಬೇಕು ಎಂಬ ಪಟ್ಟಿಯನ್ನು ಸರ್ವರ್ ಮೊದಲು ಕಳಿಸುತ್ತದೆ. ನಿಮ್ಮ ಕಂಪ್ಯೂಟರ್‌ನಲ್ಲಿ ಇಲ್ಲದವುಗಳನ್ನು ಆಟವೇ ಇಳಿಸಿಕೊಳ್ಳುತ್ತದೆ. ಸರ್ವರ್‌ನಿಂದ ನೇರವಾಗಿ ಇಳಿಸುವುದು ತೀರಾ ನಿಧಾನವಾದ್ದರಿಂದ, ಸರ್ವರ್ ನಡೆಸುವವರು ಈ ಕಡತಗಳನ್ನು ಬೇರೊಂದು ವೆಬ್‌ಸೈಟಿನಲ್ಲಿಟ್ಟು ಅದರ ವಿಳಾಸವನ್ನು ಕೊಡುವ ಪದ್ಧತಿ ಬೆಳೆಯಿತು; ಆಟಗಾರರು ಇದನ್ನು ಫಾಸ್ಟ್ ಡೌನ್‌ಲೋಡ್ ಎನ್ನುತ್ತಾರೆ. ಗಮನಿಸಬೇಕಾದ ಸಂಗತಿ ಏನೆಂದರೆ, ಮೋಡ್‌ನ ನಿಯಮಗಳು, ಅಂದರೆ ಯಾರು ಜಾಂಬಿಯಾಗಬೇಕು, ಕಚ್ಚಿದರೆ ಏನಾಗಬೇಕು ಎಂಬುದೆಲ್ಲ, ನಿಮ್ಮ ಕಂಪ್ಯೂಟರಿಗೆ ಬರುವುದೇ ಇಲ್ಲ. ಅವು ಎಎಂಎಕ್ಸ್ ಮಾಡ್ ಎಕ್ಸ್ ಅಥವಾ ಸೋರ್ಸ್‌ಮಾಡ್‌ನಂಥ ತಂತ್ರಾಂಶದೊಳಗೆ ಪ್ಲಗಿನ್‌ಗಳಾಗಿ, ಅಂದರೆ ಅದಕ್ಕೆ ಜೋಡಿಸಿದ ಪುಟ್ಟ ಪ್ರೋಗ್ರಾಂಗಳಾಗಿ, ಸರ್ವರ್‌ನಲ್ಲೇ ಓಡುತ್ತವೆ. ನಿಮ್ಮ ಕಡೆಗೆ ಬರುವುದು ನೋಡುವ, ಕೇಳುವ ಸಾಮಗ್ರಿ ಮಾತ್ರ. ವ್ಯವಸ್ಥೆಯನ್ನು ರೂಪಿಸಿದವರು ಮೂರ್ಖರಾಗಿರಲಿಲ್ಲ. ಅಪರಿಚಿತರ ಪ್ರೋಗ್ರಾಂ ನಿಮ್ಮ ಮನೆಯಲ್ಲಿ ಓಡಬಾರದು ಎಂಬ ಎಚ್ಚರ ಅದರಲ್ಲಿತ್ತು.

ಆದರೂ ಬಿರುಕು ಉಳಿಯಿತು. ಬಂದ ಕಡತವನ್ನು ಓದುವ ಆಟದಲ್ಲೇ ದೋಷವಿದ್ದರೆ, ಬೇಕೆಂದೇ ಕೆಡಿಸಿ ಕಳಿಸಿದ ಕಡತವೊಂದು ಆ ದೋಷದ ಮೂಲಕ ಒಳಗೆ ನುಗ್ಗಬಹುದು. 2019ರ ಮಾರ್ಚ್‌ನಲ್ಲಿ ಡಾಕ್ಟರ್ ವೆಬ್ ಎಂಬ ರಷ್ಯಾದ ಆ್ಯಂಟಿವೈರಸ್ ಕಂಪನಿ ಬೆಲೊನಾರ್ಡ್ ಎಂಬ ಕುತಂತ್ರಾಂಶದ ವರದಿ ಪ್ರಕಟಿಸಿತು. ಆಗ ಕಾಣುತ್ತಿದ್ದ ಕೌಂಟರ್ ಸ್ಟ್ರೈಕ್ 1.6 ಸರ್ವರ್‌ಗಳಲ್ಲಿ ಶೇ 39ರಷ್ಟು ದುರುದ್ದೇಶದವು ಎಂಬುದು ಆ ವರದಿಯ ಲೆಕ್ಕ. ಅಂಥ ಸರ್ವರ್‌ಗೆ ಸೇರಿದ ಕೂಡಲೇ ಆಟದ ದೋಷವನ್ನು ಬಳಸಿ ಕುತಂತ್ರಾಂಶ ಒಳಬರುತ್ತಿತ್ತು. ಬಂದ ಮೇಲೆ ಆಟಗಾರನಿಗೆ ಕಾಣುವ ಸರ್ವರ್ ಪಟ್ಟಿಯನ್ನೇ ಬದಲಿಸಿ, ಅವನ ಕಂಪ್ಯೂಟರನ್ನೇ ಇನ್ನೊಂದು ಸುಳ್ಳು ಸರ್ವರ್ ಆಗಿ ತೋರಿಸಿ, ಮುಂದಿನವರನ್ನು ಬಲೆಗೆ ಬೀಳಿಸುತ್ತಿತ್ತು. ಇಷ್ಟೆಲ್ಲ ಯಾತಕ್ಕೆ? ಹಣ ಕೊಟ್ಟವರ ಸರ್ವರ್‌ಗೆ ಆಟಗಾರರನ್ನು ತಳ್ಳುವ ವ್ಯಾಪಾರಕ್ಕೆ.

ಇದನ್ನು ಓದಿದಾಗ ನನಗೆ ಆಶ್ಚರ್ಯವಾಗಲಿಲ್ಲ. ವಿದ್ಯಾರ್ಥಿಯಾಗಿದ್ದಾಗ ನಾನು ಸಂಜೆ ಹೊತ್ತು ಒಂದು ಸೈಬರ್ ಸೆಂಟರ್ ನೋಡಿಕೊಳ್ಳುತ್ತಿದ್ದೆ. ಹತ್ತು ಕಂಪ್ಯೂಟರ್‌ಗಳಲ್ಲೂ ಇದ್ದದ್ದು ಯಾರೋ ಸಿ.ಡಿ.ಯಲ್ಲಿ ತಂದುಕೊಟ್ಟ ನಕಲಿ ಪ್ರತಿ. ಒಳಗಿನ ಲ್ಯಾನ್‌ನಲ್ಲಿ ಆಡುವವರೆಗೆ ತೊಂದರೆ ಇರಲಿಲ್ಲ. ಹೊಸ ಮ್ಯಾಪುಗಳನ್ನು ಪೆನ್ ಡ್ರೈವ್‌ನಲ್ಲಿ ತಂದು ಪ್ರತಿ ಯಂತ್ರಕ್ಕೂ ಹಾಕುವ ಕೆಲಸ ನನ್ನದೇ ಆಗಿತ್ತು. ಬ್ರಾಡ್‌ಬ್ಯಾಂಡ್ ಬಂದು ಹುಡುಗರು ಹೊರಗಿನ ಸರ್ವರ್‌ಗಳಿಗೆ ಹೋಗಲು ಶುರುಮಾಡಿದ ಮೇಲೆ ಒಂದು ದಿನ ಎಲ್ಲ ಯಂತ್ರಗಳಲ್ಲೂ ಆಟದಲ್ಲಿ ಕೀಬೋರ್ಡಿನ ಕೀಗಳ ಕೆಲಸ ಅದಲುಬದಲಾಗಿತ್ತು, ಆಟದ ಮೊದಲ ಪರದೆಯಲ್ಲಿ ಯಾವುದೋ ಪರದೇಶದ ಸರ್ವರ್‌ನ ಜಾಹೀರಾತು ಕೂತಿತ್ತು. ಆ ಕಾಲದಲ್ಲಿ ಸರ್ವರ್ ಕಳಿಸಿದ ಆದೇಶಗಳನ್ನು ಆಟ ಕಣ್ಣುಮುಚ್ಚಿ ಪಾಲಿಸುತ್ತಿತ್ತು ಎಂಬುದು ನನಗೆ ಆಮೇಲೆ ತಿಳಿಯಿತು. ಮಾಲೀಕರು ಬೈದದ್ದು ಮಾತ್ರ ನನ್ನನ್ನು. ಹತ್ತೂ ಯಂತ್ರಗಳಲ್ಲಿ ಆಟ ಅಳಿಸಿ ಮತ್ತೆ ಹಾಕುವಷ್ಟರಲ್ಲಿ ರಾತ್ರಿ ಒಂದಾಗಿತ್ತು.

ಹೊಸ ಆಟಗಳು ಇದರಿಂದ ಪಾಠ ಕಲಿತಿವೆ. ಈಗಿನ ಕೌಂಟರ್ ಸ್ಟ್ರೈಕ್ 2ರಲ್ಲಿ ಆಟಗಾರರು ಮಾಡಿದ ಮ್ಯಾಪುಗಳು ಹೆಚ್ಚಾಗಿ ಬರುವುದು ವಾಲ್ವ್ ಕಂಪನಿಯದೇ ಆದ, ಸ್ಟೀಮ್ ವರ್ಕ್‌ಶಾಪ್ ಎಂಬ ಉಗ್ರಾಣದಿಂದ. ಸರ್ವರ್ ನಡೆಸುವವರು ಅಲ್ಲಿನ ಮ್ಯಾಪಿನ ಸಂಖ್ಯೆಯನ್ನು ನಮೂದಿಸಿದರೆ ಸಾಕು. ಓವರ್‌ವಾಚ್ ಎಂಬ ಇನ್ನೊಂದು ಶೂಟರ್ ಆಟ ಇನ್ನೂ ಮುಂದೆ ಹೋಯಿತು. 2019ರಲ್ಲಿ ಅದು ತಂದ ವರ್ಕ್‌ಶಾಪ್ ಸೌಲಭ್ಯದಲ್ಲಿ ಆಟಗಾರ ಬರೆಯುವುದು ನಿಯಮಗಳನ್ನು ಮಾತ್ರ: ಇಂಥದ್ದು ನಡೆದಾಗ, ಇಂಥ ಷರತ್ತು ಇದ್ದರೆ, ಇಂಥದ್ದು ಆಗಲಿ. ಅದನ್ನು ಹಂಚಿಕೊಳ್ಳಲು ಒಂದು ಪುಟ್ಟ ಕೋಡ್ ಸಾಕು. ಆ ಕೋಡ್ ಹಾಕಿದರೆ ಮೋಡ್ ತೆರೆದುಕೊಳ್ಳುತ್ತದೆ, ಹೊರಗಿನ ಯಾವ ವೆಬ್‌ಸೈಟಿನಿಂದಲೂ ಕಡತ ಇಳಿಯುವುದಿಲ್ಲ. ಫೋರ್ಟ್‌ನೈಟ್ ಆಟದೊಳಗೆ ಆಟಗಾರರು ಕಟ್ಟುವ, ದ್ವೀಪಗಳೆಂದು ಕರೆಯುವ ತಾಣಗಳಿಗೂ 12 ಅಂಕಿಯ ಕೋಡ್ ಇದೆ. ನಮ್ಮ ಹುಡುಗರು ಮೊಬೈಲಿನಲ್ಲಿ ಆಡುವ ಬಿಜಿಎಂಐನಲ್ಲಿ (ಪಬ್‌ಜಿಯ ಭಾರತೀಯ ಆವೃತ್ತಿ) ವರ್ಲ್ಡ್ ಆಫ್ ವಂಡರ್ ಎಂಬ ವಿಭಾಗ, ಫ್ರೀ ಫೈರ್ ಮ್ಯಾಕ್ಸ್‌ನಲ್ಲಿ ಕ್ರಾಫ್ಟ್‌ಲ್ಯಾಂಡ್ ಎಂಬ ವಿಭಾಗ ಇದೇ ಜಾಡಿನವು. ಹಾಗೆಂದು ಕಂಪನಿಯ ಉಗ್ರಾಣದಿಂದ ಬಂದದ್ದೆಲ್ಲ ಶುದ್ಧ ಎನ್ನಲಾಗದು. ಶೂಟರ್ ಅಲ್ಲದಿದ್ದರೂ ಅದೇ ವಾಲ್ವ್ ಕಂಪನಿಯದಾದ ಡೋಟಾ 2 ಆಟದ ನಾಲ್ಕು ಕಸ್ಟಮ್ ಮೋಡ್‌ಗಳಲ್ಲಿ ಕುತಂತ್ರದ ಕೋಡ್ ಅಡಗಿತ್ತೆಂದು 2023ರ ಫೆಬ್ರುವರಿಯಲ್ಲಿ ಅವಾಸ್ಟ್ ಕಂಪನಿ ತಿಳಿಸಿತು; 2021ರಲ್ಲೇ ಬಯಲಾಗಿದ್ದ ದೋಷವೊಂದನ್ನು ಆಟದೊಳಗಿನ ಜಾವಾಸ್ಕ್ರಿಪ್ಟ್ ಭಾಗದಲ್ಲಿ ಸರಿಪಡಿಸದೇ ಬಿಟ್ಟಿದ್ದು ಅದಕ್ಕೆ ದಾರಿಯಾಗಿತ್ತು.

ಈ ಸುರಕ್ಷತೆಗೆ ತೆರುವ ಬೆಲೆಯೂ ಇದೆ, ಅದನ್ನು ಹೇಳದಿದ್ದರೆ ಮಾತು ಅರ್ಧವಾಗುತ್ತದೆ. ಉಗ್ರಾಣದ ಕೀಲಿ ಕಂಪನಿಯ ಕೈಯಲ್ಲಿದ್ದರೆ, ಆಟದ ಆಯುಷ್ಯವೂ ಅದರ ಕೈಯಲ್ಲೇ. 2023ರ ಸೆಪ್ಟೆಂಬರ್‌ನಲ್ಲಿ ಕೌಂಟರ್ ಸ್ಟ್ರೈಕ್: ಗ್ಲೋಬಲ್ ಅಫೆನ್ಸಿವ್ ಆಟದ ಜಾಗಕ್ಕೆ ಕೌಂಟರ್ ಸ್ಟ್ರೈಕ್ 2 ಬಂದಾಗ, ಹನ್ನೊಂದು ವರ್ಷಗಳಲ್ಲಿ ಜನ ಮಾಡಿದ್ದ ಮ್ಯಾಪುಗಳು ಹೊಸ ಆಟದಲ್ಲಿ ಹಾಗೆಯೇ ತೆರೆಯಲಿಲ್ಲ, ಹಳೆಯ ಪ್ಲಗಿನ್‌ಗಳು ಓಡಲಿಲ್ಲ, ಎಲ್ಲವನ್ನೂ ಹೊಸ ಎಂಜಿನ್‌ಗೆ (ಆಟವನ್ನು ಓಡಿಸುವ ಮೂಲ ತಂತ್ರಾಂಶಕ್ಕೆ) ಮತ್ತೆ ಹೊಂದಿಸಬೇಕಾಯಿತು. ಗನ್ ಗೇಮ್ ಎಂಬ ಆಟಗಾರರ ಮೋಡ್‌ನಿಂದ ಹುಟ್ಟಿ ಅಧಿಕೃತವಾಗಿ ಸೇರಿದ್ದ ಆರ್ಮ್ಸ್ ರೇಸ್ ಕೂಡ ಹೊಸ ಆಟಕ್ಕೆ ಬಂದದ್ದು 2024ರಲ್ಲಿ. ಇತ್ತ 1.6ರ ಹಳೆಯ ಮ್ಯಾಪೊಂದನ್ನು ನಾನು ಪೆನ್ ಡ್ರೈವ್‌ನಿಂದ ಇವತ್ತಿಗೂ ತೆರೆಯಬಲ್ಲೆ. ಮಾಡಿದವರ ದುಡಿಮೆಗೆ ಪ್ರತಿಫಲ ಕೊಡುವ ವಿಷಯದಲ್ಲಿ ಮಾತ್ರ ಹೊಸ ವ್ಯವಸ್ಥೆ ಮೇಲು ಎನ್ನಬೇಕು. ಫೋರ್ಟ್‌ನೈಟ್‌ನ ಒಡೆತನ ಹೊಂದಿರುವ ಎಪಿಕ್ ಗೇಮ್ಸ್ ಕಂಪನಿ 2023ರಲ್ಲಿ ಆ ಆಟದೊಳಗಿನ ಅಂಗಡಿಯಿಂದ ಮತ್ತು ಹಣ ಕೊಟ್ಟು ಮಾಡುವ ಬಹುತೇಕ ಖರೀದಿಗಳಿಂದ ಬರುವ ನಿವ್ವಳ ವರಮಾನದ ಶೇ 40ನ್ನು ದ್ವೀಪಗಳನ್ನು ಮಾಡಿದವರ ನಿಧಿಗೆ ಎತ್ತಿಡುವುದಾಗಿ ಪ್ರಕಟಿಸಿತು.

ಆದ್ದರಿಂದ ತಮ್ಮಲ್ಲಿ ನನ್ನ ಕೋರಿಕೆ ಇಷ್ಟು. ಆನ್‌ಲೈನ್ ಆಟಗಳ ಬಗ್ಗೆ ಬರೆಸುವಾಗ ಎಷ್ಟು ಹೊತ್ತು ಆಡುತ್ತಾನೆ ಎಂಬ ಪ್ರಶ್ನೆಯ ಜೊತೆಗೆ, ಅವನು ಆಡುವ ಮೋಡ್ ಎಲ್ಲಿಂದ ಲೋಡ್ ಆಗುತ್ತಿದೆ ಎಂಬ ಪ್ರಶ್ನೆಯನ್ನೂ ಪೋಷಕರ ಕೈಗೆ ಕೊಡಿ. ಆಟದ ಒಳಗೇ ಕೋಡ್ ಹಾಕಿ ತೆರೆಯುವ ಮೋಡ್‌ಗೆ ಹೆದರಬೇಕಾದ್ದು ಕಡಿಮೆ. ಈ ಮೋಡ್ ಬೇಕಾದರೆ ಇದೊಂದು ಕಡತ ಇಳಿಸಿ ಇನ್‌ಸ್ಟಾಲ್ ಮಾಡಿ ಎಂದು ಯಾರೋ ಲಿಂಕ್ ಕಳಿಸಿದರೆ, ಅದರಲ್ಲೂ ಮೊದಲು ಆ್ಯಂಟಿವೈರಸ್ ಆಫ್ ಮಾಡಿ ಎಂದು ಬರೆದಿದ್ದರೆ, ಅದನ್ನು ಮುಟ್ಟಬಾರದು. ಮೊಬೈಲಿನಲ್ಲಿ ಬಿಜಿಎಂಐ ಮೋಡ್ ಎಂಬ ಹೆಸರಿನಲ್ಲಿ ಎಪಿಕೆ (ಆ್ಯಪ್ ಇನ್‌ಸ್ಟಾಲ್ ಮಾಡುವ ಕಡತ) ಹಂಚುವ ಗುಂಪುಗಳು ಇದೇ ಜಾತಿಯವು; ಅಲ್ಲಿ ಮೋಡ್ ಎಂದರೆ ಕಳ್ಳಾಟದ ಸಾಧನವೆಂದೇ ಅರ್ಥ. ಒಂದೇ ಪದ ಎರಡಕ್ಕೂ ಬಳಕೆಯಾಗುತ್ತಿರುವುದರಿಂದ ತಂದೆತಾಯಿಗಳಿಗೆ ಗೊಂದಲವಾಗುವುದು ಸಹಜ.

ನನ್ನ ವಿದ್ಯಾರ್ಥಿಗೆ ಕೊಟ್ಟ ಉತ್ತರವನ್ನೂ ಬರೆದುಬಿಡುತ್ತೇನೆ. ನಕಲಿ ಪ್ರತಿ ತೆಗೆದುಹಾಕಿ ವಾಲ್ವ್‌ನದೇ ಆನ್‌ಲೈನ್ ಅಂಗಡಿಯಾದ ಸ್ಟೀಮ್‌ನಿಂದಲೇ 1.6 ಕೊಂಡುಕೊಳ್ಳಲು ಹೇಳಿದೆ. ರಿಯಾಯಿತಿಯ ದಿನಗಳಲ್ಲಿ ಅದು ಹೋಟೆಲಿನ ಒಂದು ಊಟದ ಬೆಲೆಗೆ ಸಿಗುತ್ತದೆ. ಆ ಜಾಂಬಿ ಸರ್ವರ್ ನಡೆಸುವವರು ಯಾರೆಂದು ಗೊತ್ತಿದ್ದರೆ ಮಾತ್ರ ಸೇರು, ಪಟ್ಟಿಯಲ್ಲಿ ಎಲ್ಲಕ್ಕಿಂತ ಮೇಲೆ ಕಾಣುತ್ತದೆ ಎಂಬ ಕಾರಣಕ್ಕೆ ಸೇರಬೇಡ ಎಂದೆ. ಅವನು ತಲೆಯಾಡಿಸಿ, ಹಾಗಾದರೆ ತನ್ನದೇ ಸರ್ವರ್ ಹಾಕಿ ಗೆಳೆಯರನ್ನು ಕರೆದರೆ ಹೇಗೆ ಎಂದು ಕೇಳಿದ. ಈಗ ಪ್ರತಿ ಶನಿವಾರ ಮಧ್ಯಾಹ್ನ ನಮ್ಮ ಲ್ಯಾಬಿನ ಮೂಲೆಯ ಕಂಪ್ಯೂಟರ್‌ನಲ್ಲಿ ಅವನು ಪ್ಲಗಿನ್ ಬರೆಯಲು ಕಲಿಯುತ್ತಿದ್ದಾನೆ.

ಇಂತಿ ತಮ್ಮ ವಿಶ್ವಾಸಿ,
ಪಾಲಿಟೆಕ್ನಿಕ್ ಉಪನ್ಯಾಸಕ, ದಾವಣಗೆರೆ